ಬ್ರೇಕಿನ ಕೆಲಸವನ್ನು ದಾರಿಯೇ ಮಾಡಿದಾಗ

ಗುಡ್ಡದಿಂದ ಸೈಕಲ್ ಇಳಿಸುವುದೆಂದರೆ ಬ್ರೇಕ್ ಹಿಡಿಯುವುದು ಎಂಬುದು ನಮ್ಮಲ್ಲಿ ಹೆಚ್ಚಿನವರ ತಿಳುವಳಿಕೆ. ಶಿರಸಿ, ಸಿದ್ದಾಪುರ, ಯಲ್ಲಾಪುರದ ಹಳ್ಳಿಗಳಲ್ಲಿ ಬೆಳೆದವರು ಇದನ್ನು ಯಾರಿಂದಲೂ ಕಲಿಯಬೇಕಾಗಿಲ್ಲ. ಮನೆಯಿಂದ ಹೊರಟ ದಾರಿ ಸೊಪ್ಪಿನ ಬೆಟ್ಟ ಇಳಿದು, ಹಳ್ಳ ದಾಟಿ, ಮತ್ತೊಂದು ದಿಬ್ಬ ಹತ್ತುತ್ತದೆ. ಇಳಿಯುವಾಗ ಎರಡೂ ಕೈ ಬ್ರೇಕಿನ ಮೇಲೆ, ಕಣ್ಣು ಮುಂಗಾಲಿಯ ಬುಡದ ಕಲ್ಲಿನ ಮೇಲೆ. ಕೆಳಗೆ ತಲುಪುವಷ್ಟರಲ್ಲಿ ಬೆರಳುಗಳು ಜೋಮು ಹಿಡಿದಿರುತ್ತವೆ, ಹಿಂಗಾಲಿ ಜಾರಿದ ಕಡೆಯಲ್ಲೆಲ್ಲ ಮಣ್ಣು ಕಿತ್ತು ಬಂದಿರುತ್ತದೆ. ಮುಂದಿನ ಆಷಾಢದ ಮಳೆ ಆ ಗೀರುಗಳನ್ನೇ ಹಿಡಿದು ಇಳಿದು ಕೊರಕಲು ಮಾಡುತ್ತದೆ.

ಮೌಂಟೇನ್ ಬೈಕಿಂಗ್ ಲೋಕದಲ್ಲಿ ಕಳೆದ ಎರಡು ಮೂರು ದಶಕಗಳಲ್ಲಿ ರೂಪುಗೊಂಡ ‘ಫ್ಲೋ ಟ್ರೇಲ್’ ಇದಕ್ಕೆ ತದ್ವಿರುದ್ಧವಾದ ದಾರಿ. ಸೈಕಲ್ಲಿಗೆಂದೇ ಮಣ್ಣಿನಲ್ಲಿ ಕಟ್ಟಿದ, ಸಾಮಾನ್ಯವಾಗಿ ಒಂದೇ ದಿಕ್ಕಿನ ಕಿರುದಾರಿ ಅದು. ನೇರ ಇಳಿಜಾರು ಅಲ್ಲಿ ಅಪರೂಪ. ಅಲೆಯಂತೆ ಏಳುವ ದಿಬ್ಬಗಳು, ಹೊರಬದಿ ಎತ್ತರಿಸಿ ಕಟ್ಟಿದ ತಿರುವುಗಳು, ಒಂದರ ಬೆನ್ನಿಗೊಂದು ಬರುತ್ತವೆ. ಚೆನ್ನಾಗಿ ಕಟ್ಟಿದ ದಾರಿಯಾದರೆ ಸವಾರ ಪೆಡಲ್ ತುಳಿಯುವುದೂ ಕಡಿಮೆ, ಬ್ರೇಕ್ ಹಿಡಿಯುವುದೂ ಕಡಿಮೆ. ಕೆಳಗೆ ಬಂದವನ ಮುಖದಲ್ಲಿ ದಣಿವಿಗಿಂತ ಮೊದಲು ನಗು ಕಾಣುತ್ತದೆ, ಮತ್ತೆ ಮೇಲೆ ಹೋಗೋಣವೇ ಎಂದು ಕೇಳುತ್ತಾನೆ.

ಈ ನಗು ಎಲ್ಲಿಂದ ಬರುತ್ತದೆ ಎಂಬುದನ್ನು ಬಿಡಿಸಿ ಹೇಳುವುದು ಈ ಲೇಖನದ ಉದ್ದೇಶ. ಜೊತೆಗೆ, ಉತ್ತರ ಕನ್ನಡದಂಥ ಮಳೆಯ ಜಿಲ್ಲೆಯವರು ಇದನ್ನು ತಿಳಿದುಕೊಳ್ಳಲೇಬೇಕಾದ ಕಾರಣವೊಂದಿದೆ: ಸವಾರನ ಮನಸ್ಸನ್ನು ಹಗುರ ಮಾಡುವ ಆಕಾರ ಯಾವುದೋ, ಬಹುಪಾಲು ಅದೇ ಆಕಾರ ಗುಡ್ಡದ ಮಣ್ಣನ್ನೂ ಉಳಿಸುತ್ತದೆ.

ಮೊದಲು ಸ್ವಲ್ಪ ಹಿನ್ನೆಲೆ. ಮೌಂಟೇನ್ ಬೈಕಿಂಗ್ ಬೆಳೆದದ್ದು ಅಮೆರಿಕದ ಕ್ಯಾಲಿಫೋರ್ನಿಯಾದ ಮರಿನ್ ಕೌಂಟಿಯಲ್ಲಿ. ಫೇರ್‌ಫ್ಯಾಕ್ಸ್ ಊರಿನ ಬಳಿಯ ಗುಡ್ಡದಲ್ಲಿ 1976ರ ಅಕ್ಟೋಬರ್‌ನಲ್ಲಿ ಗೆಳೆಯರ ಗುಂಪೊಂದು ಹಳೆಯ ದಪ್ಪ ಟಯರಿನ ಸೈಕಲ್‌ಗಳಲ್ಲಿ ಇಳಿಜಾರಿನ ಸ್ಪರ್ಧೆ ಶುರು ಮಾಡಿತು. ಸುಮಾರು ಮೂರೂವರೆ ಕಿಲೋಮೀಟರಿನಲ್ಲಿ 400 ಮೀಟರಿನಷ್ಟು ಇಳಿತ. ಹಿಂದಕ್ಕೆ ತುಳಿದು ನಿಲ್ಲಿಸುವ ಆ ಕಾಲದ ಬ್ರೇಕು ಕೆಳಗೆ ತಲುಪುವಷ್ಟರಲ್ಲಿ ಕಾದು, ಒಳಗಿನ ಗ್ರೀಸ್ ಹೊಗೆಯಾಗಿ ಹೋಗುತ್ತಿತ್ತು. ಪ್ರತಿ ಓಟದ ನಂತರ ಹೊಸ ಗ್ರೀಸ್ ತುಂಬಬೇಕಾಗುತ್ತಿದ್ದುದರಿಂದ ಆ ಇಳಿಜಾರಿಗೇ ‘ರೀಪ್ಯಾಕ್’ ಎಂಬ ಹೆಸರು ಬಿತ್ತು. ಸೈಕಲ್ ಬದಲಾಯಿತು, ಡಿಸ್ಕ್ ಬ್ರೇಕ್ ಬಂತು, 1996ರ ಅಟ್ಲಾಂಟಾ ಒಲಿಂಪಿಕ್ಸ್‌ಗೂ ಈ ಕ್ರೀಡೆ ಸೇರಿತು. ದಾರಿ ಮಾತ್ರ ಬಹುಕಾಲ ಹಾಗೆಯೇ ಉಳಿಯಿತು: ನಡೆಯುವವರ ಕಾಲುದಾರಿ, ಜಾನುವಾರು ಮಾಡಿದ ದಾರಿ, ಅರಣ್ಯದ ಜೀಪ್ ರಸ್ತೆ. ಸೈಕಲ್ಲಿನ ಸ್ವಭಾವ ತಿಳಿದು ದಾರಿಯನ್ನೇ ಕಟ್ಟಬೇಕು ಎಂಬ ಯೋಚನೆ ಕೆನಡಾದ ವಿಸ್ಲರ್‌ನಂಥ ಬೈಕ್ ಪಾರ್ಕ್‌ಗಳಲ್ಲಿ ಬಲಿಯಿತು. ಕಾಲು ನೆಲಕ್ಕೆ ತಾಗಿಸದೆ ಅಡೆತಡೆ ದಾಟುವ ‘ಟ್ರಯಲ್ಸ್’ ಸೈಕಲ್ ಕ್ರೀಡೆಯಲ್ಲಿ ಚಾಂಪಿಯನ್ ಆಗಿದ್ದ ಹಾನ್ಸ್ ರೇ ಮತ್ತು ಟ್ರೇಲ್ ಕಟ್ಟುವ ಡಿಡ್ಡಿ ಶ್ನೈಡರ್ ಅದನ್ನು ಇನ್ನಷ್ಟು ಸಾಮಾನ್ಯರ ಕಡೆಗೆ ತಂದರು. ದಾರಿ ಕಡಿದಾಗಿರಬಾರದು, ಅಪಾಯದ್ದಾಗಿರಬಾರದು, ಮೊದಲ ಸಲ ಬಂದವನಿಗೂ ಪಳಗಿದವನಿಗೂ ಒಟ್ಟಿಗೇ ಸಂತೋಷ ಕೊಡಬೇಕು ಎಂಬುದು ಅವರ ಸೂತ್ರವಾಗಿತ್ತು.

‘ಫ್ಲೋ’ ಎಂಬುದು ಮನಶ್ಶಾಸ್ತ್ರದಿಂದ ಬಂದ ಪರಿಕಲ್ಪನೆ. ಹಂಗೇರಿ ಮೂಲದ ಮಿಹಾಯ್ ಚಿಕ್ಸೆಂಟ್‌ಮಿಹಾಯಿ (1934–2021) ಶಿಕಾಗೊ ವಿಶ್ವವಿದ್ಯಾಲಯದಲ್ಲಿದ್ದಾಗ ಒಂದು ಸರಳ ಪ್ರಶ್ನೆ ಹಿಡಿದು ಹೊರಟರು: ದುಡ್ಡಾಗಲಿ ಹೆಸರಾಗಲಿ ಸಿಗದಿದ್ದರೂ ಜನ ಕೆಲವು ಕೆಲಸಗಳನ್ನು ಏಕೆ ಮೈಮರೆತು ಮಾಡುತ್ತಾರೆ? ಬಂಡೆ ಹತ್ತುವವರು, ಚದುರಂಗ ಆಡುವವರು, ನೃತ್ಯಗಾರರು, ಶಸ್ತ್ರಚಿಕಿತ್ಸಕರು, ಹೀಗೆ ಬಗೆಬಗೆಯ ಜನರನ್ನು ಮಾತನಾಡಿಸಿದರು. ಅವರ ಮೊದಲ ಪುಸ್ತಕ 1975ರಲ್ಲಿ ಬಂತು, ಜನಪ್ರಿಯವಾದದ್ದು 1990ರಲ್ಲಿ. ಎಲ್ಲರೂ ಹೇಳಿದ್ದು ಹೆಚ್ಚುಕಡಿಮೆ ಒಂದೇ ಅನುಭವ. ಗಮನ ಪೂರ್ತಿ ಕೆಲಸದಲ್ಲಿ ನೆಟ್ಟಿರುತ್ತದೆ, ಹೊತ್ತು ಹೋದದ್ದು ತಿಳಿಯುವುದಿಲ್ಲ, ತಾನು ಹೇಗೆ ಕಾಣುತ್ತಿದ್ದೇನೆ ಎಂಬ ಚಿಂತೆ ಹಿಂದೆ ಸರಿಯುತ್ತದೆ, ಮಾಡುವವನೂ ಮಾಡುವ ಕೆಲಸವೂ ಬೇರೆ ಎನ್ನಿಸುವುದಿಲ್ಲ. ಬಡಗುತಿಟ್ಟಿನ ಆಟ ನೋಡಿ ಬೆಳೆದ ನಮಗೆ ಇದು ಅಪರಿಚಿತವೇನಲ್ಲ. ನಡುರಾತ್ರಿ ಕಳೆದ ಮೇಲೆ ಭಾಗವತರ ಪದಕ್ಕೂ ಚಂಡೆಯ ಪೆಟ್ಟಿಗೂ ವೇಷಧಾರಿಯ ಹೆಜ್ಜೆಗೂ ನಡುವೆ ಕೂದಲೆಳೆಯ ಅಂತರವೂ ಉಳಿಯದ ಘಳಿಗೆಯೊಂದು ಬರುತ್ತದಲ್ಲ, ರಂಗದ ಮೇಲಿರುವವರು ಆಗ ಇರುವ ಸ್ಥಿತಿಯೇ ಅದು.

ಇಂಥ ಸ್ಥಿತಿ ಬರಲು ಚಿಕ್ಸೆಂಟ್‌ಮಿಹಾಯಿ ಗುರುತಿಸಿದ ಷರತ್ತುಗಳಲ್ಲಿ ಮೂರು ಮುಖ್ಯ. ಮುಂದಿನ ಕ್ಷಣದಲ್ಲಿ ಏನು ಮಾಡಬೇಕು ಎಂಬುದು ಸ್ಪಷ್ಟವಾಗಿರಬೇಕು. ಮಾಡಿದ್ದು ಸರಿಯಾಯಿತೋ ಇಲ್ಲವೋ ಎಂಬುದು ತಕ್ಷಣ ತಿಳಿಯಬೇಕು. ಸವಾಲು ಮತ್ತು ಕೌಶಲ ಒಂದಕ್ಕೊಂದು ಸರಿತೂಗಬೇಕು. ಸವಾಲು ಹೆಚ್ಚಾದರೆ ಆತಂಕ, ಕಡಿಮೆಯಾದರೆ ಬೇಸರ. ನನ್ನ ಮಟ್ಟಿಗೆ ಹೇಳುವುದಾದರೆ, ಫ್ಲೋ ಟ್ರೇಲ್ ಕಟ್ಟುವವನು ಮಾಡುವುದೆಲ್ಲ ಇಷ್ಟೇ: ಈ ಮೂರು ಷರತ್ತುಗಳನ್ನು ಮಣ್ಣಿನಲ್ಲಿ ಬರೆಯುತ್ತಾನೆ. ಆ ಹೊತ್ತಿನಲ್ಲಿ ಮಿದುಳಿನಲ್ಲಿ ಏನಾಗುತ್ತದೆ ಎಂಬ ಬಗ್ಗೆ ಆರ್ನೆ ಡೀಟ್ರಿಷ್ ಎಂಬ ನರವಿಜ್ಞಾನಿ ಒಂದು ಊಹೆ ಮುಂದಿಟ್ಟಿದ್ದಾರೆ. ದೇಹ ವೇಗವಾಗಿ ಚಲಿಸುತ್ತಿರುವಾಗ ಚಲನೆಯನ್ನು ನಿಭಾಯಿಸುವ ಭಾಗಗಳಿಗೆ ಮಿದುಳು ಹೆಚ್ಚು ಶಕ್ತಿ ಹರಿಸುತ್ತದೆ, ಹಣೆಯ ಹಿಂದಿನ ಮುಂಭಾಗ, ಅಂದರೆ ನಮ್ಮನ್ನು ನಾವೇ ತೂಗಿ ನೋಡುವ ಭಾಗ, ಸ್ವಲ್ಪ ಹೊತ್ತು ತಣ್ಣಗಾಗುತ್ತದೆ ಎಂಬುದು ಅದರ ಸಾರ. ಊಹೆ ಇನ್ನೂ ಚರ್ಚೆಯಲ್ಲಿದೆ. ಅನುಭವ ಮಾತ್ರ ಯಾರಿಗೂ ಅನುಮಾನವಿಲ್ಲದ್ದು.

ಈಗ ಬ್ರೇಕಿಗೆ ಮರಳೋಣ. ಬ್ರೇಕ್ ಹಿಡಿದಾಗ ನಿಧಾನವಾಗುವುದು ಗಾಲಿಯೊಂದೇ ಅಲ್ಲ. ಗಮನ ಹಿಂದಕ್ಕೆ ಎಳೆಯಲ್ಪಡುತ್ತದೆ. ಗಂಟೆಗೆ 18 ಕಿಲೋಮೀಟರ್ ವೇಗದಲ್ಲಿ ಹೋಗುವ ಸವಾರ ಸೆಕೆಂಡಿಗೆ ಐದು ಮೀಟರ್ ಸಾಗುತ್ತಾನೆ. ನಿರಾಳವಾಗಿ ಸಾಗಲು ಅವನ ಕಣ್ಣು ಎರಡು ಮೂರು ಸೆಕೆಂಡು ಮುಂದಿರಬೇಕು, ಎಂದರೆ ಹತ್ತು ಹದಿನೈದು ಮೀಟರ್ ಆಚೆ. ಹೆದರಿದ ಕೂಡಲೇ ಕಣ್ಣು ಗಾಲಿಯ ಬುಡಕ್ಕೆ ಇಳಿಯುತ್ತದೆ. ಅಲ್ಲಿ ಕಂಡ ಕಲ್ಲಿಗೆ ಏನೂ ಮಾಡಲು ಹೊತ್ತಿರುವುದಿಲ್ಲ, ಹಾಗಾಗಿ ಇನ್ನಷ್ಟು ಹೆದರಿಕೆ, ಇನ್ನಷ್ಟು ಬ್ರೇಕು. ತೋಳು ಸೆಟೆದುಕೊಳ್ಳುತ್ತದೆ, ಉಸಿರು ಮೇಲೆ ನಿಲ್ಲುತ್ತದೆ. ಇನ್ನೊಂದು ವಿಚಿತ್ರವೂ ಇದೆ: ಯಾವುದನ್ನು ದಿಟ್ಟಿಸುತ್ತೇವೋ ಸೈಕಲ್ ಅದರ ಕಡೆಗೇ ಹೊರಳುತ್ತದೆ. ತಪ್ಪಿಸಬೇಕೆಂದುಕೊಂಡ ಮರದ ಬೇರಿಗೇ ಹೋಗಿ ಡಿಕ್ಕಿ ಹೊಡೆಯುವುದು ಹೀಗೆ. ಆದ್ದರಿಂದ ದಾರಿ ಕಟ್ಟುವವನ ಮೊದಲ ಕೆಲಸ ಸವಾರನ ಕಣ್ಣನ್ನು ಮೇಲಕ್ಕೆತ್ತುವುದು. ತಿರುವಿನ ಒಳಬದಿಯ ಪೊದೆ ಸವರುತ್ತಾನೆ, ತಿರುವು ಮುಗಿಯುವ ಜಾಗ ತಿರುವಿನ ಬಾಯಿಂದಲೇ ಕಾಣುವಂತೆ ಮಾಡುತ್ತಾನೆ. ಎಲ್ಲಿ ನಿಧಾನವಾಗಬೇಕೋ ಅಲ್ಲಿ ಎರಡು ಮರಗಳ ನಡುವೆ ದಾರಿಯನ್ನು ಹಾಯಿಸುತ್ತಾನೆ. ಇಕ್ಕಟ್ಟು ಕಂಡರೆ ಸವಾರ ತಾನಾಗಿಯೇ ತಣ್ಣಗಾಗುತ್ತಾನೆ, ಫಲಕ ಬೇಕಾಗುವುದಿಲ್ಲ.

ವೇಗದ ಲೆಕ್ಕವನ್ನು ಸ್ವಲ್ಪ ಹತ್ತಿರದಿಂದ ನೋಡಬೇಕು, ಏಕೆಂದರೆ ಫ್ಲೋ ಟ್ರೇಲಿನ ಜೀವ ಇರುವುದು ಇಲ್ಲಿ. ಎತ್ತರವೆಂದರೆ ಕೂಡಿಟ್ಟ ವೇಗ. ಘರ್ಷಣೆಯನ್ನು ಬದಿಗಿಟ್ಟರೆ, ನಿಂತಲ್ಲಿಂದ ಒಂದು ಮೀಟರ್ ಕೆಳಗಿಳಿದ ಸೈಕಲ್ ಗಂಟೆಗೆ ಸುಮಾರು 16 ಕಿಲೋಮೀಟರ್ ವೇಗ ಪಡೆಯುತ್ತದೆ, ಎರಡು ಮೀಟರ್ ಇಳಿದರೆ 22ರ ಮೇಲೆ. ಇದನ್ನೇ ತಿರುಗಿಸಿ. 25 ಕಿಲೋಮೀಟರ್ ವೇಗದಲ್ಲಿ ಬರುತ್ತಿರುವವನ ಮುಂದೆ ಒಂದೇ ಒಂದು ಮೀಟರ್ ಏರು ಇಟ್ಟರೆ ಅವನ ವೇಗ 19ಕ್ಕೆ ಇಳಿಯುತ್ತದೆ. ಕೈ ಬ್ರೇಕನ್ನು ಮುಟ್ಟಿಲ್ಲ, ಟಯರು ಜಾರಿಲ್ಲ, ಮಣ್ಣು ಕಿತ್ತಿಲ್ಲ, ಶಕ್ತಿಯೂ ಪೋಲಾಗಿಲ್ಲ. ದಿಬ್ಬದ ಆಚೆ ಇಳಿದಾಗ ಅದು ಬಹುಮಟ್ಟಿಗೆ ಮರಳಿ ಸಿಗುತ್ತದೆ. ಕಡಿದಾದ ತಿರುವಿಗೆ ಮೊದಲು ಇಂಥ ಏರು ಇಟ್ಟ ದಾರಿಯಲ್ಲಿ ಸವಾರ ತಿರುವಿಗೆ ಬೇಕಾದ ವೇಗದಲ್ಲೇ ಬಂದು ಸೇರುತ್ತಾನೆ. ಏರು ಇಲ್ಲದ ಕಡೆ ಪ್ರತಿಯೊಬ್ಬನೂ ಅದೇ ಜಾಗದಲ್ಲಿ ಬ್ರೇಕ್ ಹಿಡಿದು, ಕೆಲವೇ ವಾರಗಳಲ್ಲಿ ಅಲ್ಲಿ ಸಾಲುಸಾಲು ಗುಳಿಗಳು ಬೀಳುತ್ತವೆ. ಯಾವುದೇ ಟ್ರೇಲಿನ ವಿನ್ಯಾಸ ಎಲ್ಲಿ ಎಡವಿದೆ ಎಂದು ತಿಳಿಯಬೇಕಾದರೆ ಈ ಗುಳಿಗಳನ್ನು ಹುಡುಕಿದರಾಯಿತು.

ಒಟ್ಟು ಇಳಿಜಾರು ನಾವು ಊಹಿಸುವುದಕ್ಕಿಂತ ಬಹಳ ಕಡಿಮೆ. ರೀಪ್ಯಾಕಿನ ಇಳಿತ ಶೇಕಡಾ 12ರ ಹತ್ತಿರ. ಫ್ಲೋ ಟ್ರೇಲಿಗೆ ಸಾಮಾನ್ಯವಾಗಿ ಶೇಕಡಾ 5ರಿಂದ 8 ಸಾಕು.

ಅಲೆದಿಬ್ಬಗಳನ್ನು ಈ ವಲಯದಲ್ಲಿ ರೋಲರ್ ಎನ್ನುತ್ತಾರೆ. ಅವುಗಳ ಎತ್ತರಕ್ಕೂ ನಡುವಿನ ದೂರಕ್ಕೂ ಸುಮಾರು ಒಂದಕ್ಕೆ ಹತ್ತರ ಅನುಪಾತ ಇಡುವುದು ರೂಢಿ: 30 ಸೆಂಟಿಮೀಟರ್ ಎತ್ತರದ ದಿಬ್ಬವಾದರೆ ಮುಂದಿನದು ಮೂರು ಮೀಟರ್ ಆಚೆ. ದಿಬ್ಬದ ನೆತ್ತಿಯಲ್ಲಿ ಸವಾರ ಮೊಣಕಾಲು ಮೊಣಕೈ ಮಡಿಸಿ ಹಗುರಾಗುತ್ತಾನೆ, ಇಳಿಯುವ ಬದಿಯಲ್ಲಿ ಕೈಕಾಲು ಚಾಚಿ ಸೈಕಲ್ಲನ್ನು ನೆಲಕ್ಕೆ ಒತ್ತುತ್ತಾನೆ. ಜೋಕಾಲಿಯಲ್ಲಿ ನಿಂತು ಜೀಕುವ ಹುಡುಗಿ ಯಾರೂ ನೂಕದಿದ್ದರೂ ಎತ್ತರಕ್ಕೆ ಹೋಗುತ್ತಾಳಲ್ಲ, ಸರಿಯಾದ ಕ್ಷಣದಲ್ಲಿ ಕೂತು ಏಳುವುದೇ ಅದರ ಗುಟ್ಟು. ಇಲ್ಲಿಯೂ ಹಾಗೆಯೇ. ಪೆಡಲ್ ತುಳಿಯದೆ ಬರೀ ಮೈಯ ಏರಿಳಿತದಿಂದ ಸೈಕಲ್ ವೇಗ ಪಡೆಯುತ್ತದೆ. ಚಿಕ್ಸೆಂಟ್‌ಮಿಹಾಯಿ ಹೇಳಿದ ತಕ್ಷಣದ ಉತ್ತರ ಇದು: ಒತ್ತಿದ್ದು ಸರಿಯಾದ ಹೊತ್ತಿಗಾದರೆ ಸೈಕಲ್ ಮುಂದಕ್ಕೆ ಜಿಗಿಯುತ್ತದೆ, ತಡವಾದರೆ ಮಂದವಾಗುತ್ತದೆ. ತಪ್ಪಿಗೆ ಪೆಟ್ಟಿಲ್ಲ, ಸ್ವಲ್ಪ ವೇಗ ಕಳೆದುಹೋಗುತ್ತದೆ ಅಷ್ಟೇ. ಇಷ್ಟು ಸೌಮ್ಯವಾಗಿ ಪಾಠ ಹೇಳುವ ಗುರು ಬೇರೆಲ್ಲಿ ಸಿಗಬೇಕು!

ತಿರುವಿನ ವಿಷಯ ಇನ್ನೂ ಸೊಗಸು. ಸಪಾಟು ತಿರುವಿನಲ್ಲಿ ಸೈಕಲ್ಲನ್ನು ಹೊರಗೆ ಜಾರದಂತೆ ಹಿಡಿಯುವುದು ಟಯರು ಮತ್ತು ಮಣ್ಣಿನ ಹಿಡಿತ ಮಾತ್ರ. ನಮ್ಮ ಗುಡ್ಡಗಳ ಗರಸು ಮಣ್ಣಿನ ಮೇಲೆ, ಗೋಲಿಯಂಥ ಸಣ್ಣ ಜಂಬಿಟ್ಟಿಗೆ ಹರಳುಗಳ ಮೇಲೆ, ಆ ಹಿಡಿತವನ್ನು ನಂಬುವಂತಿಲ್ಲ. ಹಾಗಾಗಿ ತಿರುವಿನ ಹೊರಬದಿಯಲ್ಲಿ ಮಣ್ಣನ್ನು ಓರೆಯಾಗಿ ಏರಿಸಿ ಕಟ್ಟುತ್ತಾರೆ. ಇದೇ ಬರ್ಮ್. ಎಷ್ಟು ಓರೆ ಬೇಕು ಎಂಬುದಕ್ಕೆ ಲೆಕ್ಕವಿದೆ, ವೇಗ ಮತ್ತು ತಿರುವಿನ ತ್ರಿಜ್ಯ ಎರಡೇ ಸಾಕು. ಐದು ಮೀಟರ್ ತ್ರಿಜ್ಯದ ತಿರುವಿಗೆ 18 ಕಿಲೋಮೀಟರ್ ವೇಗದಲ್ಲಿ ಬಂದರೆ ಸುಮಾರು 27 ಡಿಗ್ರಿ ಓರೆಯಲ್ಲಿ ಟಯರಿನ ಹಿಡಿತ ಇಲ್ಲದಿದ್ದರೂ ಸೈಕಲ್ ತಾನಾಗಿ ತಿರುಗುತ್ತದೆ. 25ರ ವೇಗವಾದರೆ ಬೇಕಾದ ಓರೆ 45 ಡಿಗ್ರಿಯ ಹತ್ತಿರ. ವೇಗ ಶೇಕಡಾ 40ರ ಹತ್ತಿರ ಹೆಚ್ಚಿದ್ದಕ್ಕೆ ಓರೆ ಇಷ್ಟು ಏರಿದ್ದನ್ನು ಗಮನಿಸಿ. ಈ ಲೆಕ್ಕದಲ್ಲಿ ವೇಗ ತನ್ನ ವರ್ಗದಂತೆ ಕೆಲಸ ಮಾಡುತ್ತದೆ. ಎಲ್ಲರೂ ಒಂದೇ ವೇಗದಲ್ಲಿ ಬರುವುದಿಲ್ಲವಾದ್ದರಿಂದ ಒಳ್ಳೆಯ ಬರ್ಮ್ ಬಟ್ಟಲಿನ ಒಳಮೈಯಂತೆ ಬಾಗಿರುತ್ತದೆ. ನಿಧಾನವಾಗಿ ಬಂದವನು ಕೆಳಗಿನ ಇಳಿಓರೆಯಲ್ಲಿ ಹಾಯುತ್ತಾನೆ, ವೇಗವಾಗಿ ಬಂದವನು ಮೇಲೇರಿ ಕಡಿದಾದ ಭಾಗವನ್ನು ಹಿಡಿಯುತ್ತಾನೆ. ಒಂದೇ ತಿರುವು ಹೊಸಬನಿಗೂ ಹಳಬನಿಗೂ ಅವರವರಿಗೆ ತಕ್ಕ ಸವಾಲು ಕೊಡುವುದು ಹೀಗೆ.

ಆ ತಿರುವಿನೊಳಗೆ ಮೈಗೆ ಏನಾಗುತ್ತದೆ? 45 ಡಿಗ್ರಿ ಓರೆಯಲ್ಲಿ ಸರಿಯಾದ ವೇಗದಲ್ಲಿರುವ ಸವಾರನಿಗೆ ತನ್ನ ತೂಕ 1.4 ಪಟ್ಟು ಆದಂತೆ ಅನ್ನಿಸುತ್ತದೆ. ಪಾದದ ಅಡಿಯಲ್ಲಿ ನೆಲ ಗಟ್ಟಿಯಾಗಿ ಒತ್ತುತ್ತದೆ, ಟಯರು ಮಣ್ಣಿಗೆ ಕಚ್ಚಿಕೊಳ್ಳುತ್ತದೆ. ತಿರುವಿನಿಂದ ಹೊರಬಿದ್ದ ಕೂಡಲೇ ಆ ಭಾರ ಬಿಟ್ಟುಹೋಗುತ್ತದೆ, ಮುಂದಿನ ದಿಬ್ಬದ ನೆತ್ತಿಯಲ್ಲಿ ಹೊಟ್ಟೆಯಲ್ಲಿ ಚಿಟ್ಟೆ ಎದ್ದಂತಾಗಿ ಮೈ ಹಗುರ, ಮತ್ತೆ ಮುಂದಿನ ತಿರುವಿನಲ್ಲಿ ಭಾರ. ಭಾರ, ಹಗುರ, ಭಾರ, ಹಗುರ. ಈ ಲಯ ಎರಡು ಮೂರು ಸೆಕೆಂಡಿಗೊಮ್ಮೆ ಮರಳುತ್ತಿದ್ದರೆ ಒಳಕಿವಿಯ ಸಮತೋಲನದ ಅಂಗ ಅದನ್ನು ಹಿಡಿಯುತ್ತದೆ, ಮುಂದಿನದನ್ನು ಮೈ ಮೊದಲೇ ಊಹಿಸತೊಡಗುತ್ತದೆ. ಊಹೆ ನಿಜವಾದಾಗಲೆಲ್ಲ ಒಂದು ಸಣ್ಣ ಖುಷಿ. ಸಂಪೂರ್ಣ ಒಂದೇ ಅಳತೆಯಾದರೆ ಬೇಸರ ಬರುತ್ತದೆ, ಅದಕ್ಕಾಗಿ ನಡುನಡುವೆ ಒಂದು ಉದ್ದನೆಯ ತಿರುವು, ಒಂದು ಜೋಡಿದಿಬ್ಬ, ಸ್ವಲ್ಪ ನೇರ ಹಾದಿ ಸೇರಿಸುತ್ತಾರೆ.

ಸೇರಿಸಬಾರದ್ದು ವಿಶ್ವಾಸಘಾತ. ಐನೂರು ಮೀಟರ್ ನುಣುಪಾಗಿ ಸಾಗಿದ ದಾರಿ ತಿರುವಿನಾಚೆ ಹೇಳದೆ ಕೇಳದೆ ಕಲ್ಲುಬಂಡೆಗಳ ರಾಶಿಗೆ ಇಳಿಸಿದರೆ ಸವಾರ ಬೀಳದಿದ್ದರೂ ನಂಬಿಕೆ ಬೀಳುತ್ತದೆ. ಅಲ್ಲಿಂದ ಮುಂದೆ ಪ್ರತಿ ತಿರುವಿಗೂ ಅವನ ಬೆರಳು ಬ್ರೇಕಿನ ಮೇಲೆ. ಹಾಗಾಗಿಯೇ ಅನುಭವಿ ಟ್ರೇಲ್ ಕಟ್ಟುವವರು ಇಡೀ ದಾರಿಯ ಅತ್ಯಂತ ಕಷ್ಟದ ಭಾಗವನ್ನು ಶುರುವಿನಲ್ಲೇ, ಹಿಂದಿರುಗಲು ದಾರಿಯಿರುವ ಕಡೆ ಇಡುತ್ತಾರೆ. ಅದನ್ನು ದಾಟಲಾರದವನು ಅಲ್ಲೇ ಮರಳಬಹುದು, ದಾಟಿದವನಿಗೆ ಮುಂದೆಲ್ಲ ಇದಕ್ಕಿಂತ ಸುಲಭ ಎಂಬ ಭರವಸೆ. ನೆಗೆಯುವ ದಿಬ್ಬಗಳಿದ್ದರೆ ಅವುಗಳ ನೆತ್ತಿಯನ್ನು ಮೇಜಿನಂತೆ ಸಪಾಟಾಗಿ ತುಂಬಿರುತ್ತಾರೆ. ನೆಗೆಯಲು ಬಾರದವನು ಅದರ ಮೇಲೆಯೇ ಉರುಳಿಕೊಂಡು ಹೋಗಬಹುದು, ನಡುವೆ ಹೊಂಡವಿಲ್ಲ.

ಇನ್ನು ನೀರು. ಇಲ್ಲಿಯೇ ನಮ್ಮ ಜಿಲ್ಲೆ ಈ ವಿಷಯದೊಳಗೆ ಪೂರ್ತಿಯಾಗಿ ಬರುತ್ತದೆ.

ಕರಾವಳಿಯ ಕಾರವಾರ, ಅಂಕೋಲಾ, ಭಟ್ಕಳಗಳಲ್ಲಿ ವರ್ಷಕ್ಕೆ 3000 ಮಿಲಿಮೀಟರ್‌ಗೂ ಹೆಚ್ಚು, ಘಟ್ಟದ ಮೇಲಿನ ಶಿರಸಿಯಲ್ಲಿ 2500ರ ಸುಮಾರು ಮಳೆ, ಅದರಲ್ಲಿ ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್‌ವರೆಗಿನ ನಾಲ್ಕು ತಿಂಗಳಲ್ಲಿ. ಹರಿಯುವ ನೀರಿನ ವೇಗ ಎರಡರಷ್ಟಾದರೆ ಅದು ಉರುಳಿಸಬಲ್ಲ ಕಲ್ಲಿನ ತೂಕ 64 ಪಟ್ಟಾಗುತ್ತದೆ ಎಂಬುದು ನದಿ ವಿಜ್ಞಾನದ ಹಳೆಯ ಲೆಕ್ಕ. ಗುಡ್ಡದ ನೆತ್ತಿಯಿಂದ ಬುಡಕ್ಕೆ ನೇರ ಇಳಿಯುವ ದಾರಿಯೆಂದರೆ ಆ ನೀರಿಗೆ ನಾವೇ ತೋಡಿಕೊಟ್ಟ ಕಾಲುವೆ. ಗೋಕರ್ಣದಲ್ಲಿ ಕುಡ್ಲೆ ತೀರದಿಂದ ಓಂ ತೀರದ ಕಡೆಗೆ ಗುಡ್ಡ ಹಾಯುವ ಕಾಲುದಾರಿಗಳಲ್ಲಿ ಇದನ್ನು ಯಾರೂ ನೋಡಬಹುದು. ನೇರ ಇಳಿದ ಕಡೆ ಮೇಲ್ಮಣ್ಣು ಕೊಚ್ಚಿಹೋಗಿ ಬರೀ ಚಿರೇಕಲ್ಲಿನ ಮೈ ಎದ್ದಿರುತ್ತದೆ. ಅದರ ಮೇಲೆ ನಡೆಯಲಾರದವರು ಪಕ್ಕದಲ್ಲಿ ಹೊಸ ದಾರಿ ಮಾಡುತ್ತಾರೆ, ಅದೂ ಕೊಚ್ಚಿಹೋಗುತ್ತದೆ, ದಾರಿ ಅಗಲವಾಗುತ್ತಲೇ ಹೋಗುತ್ತದೆ.

ಟ್ರೇಲ್ ಕಟ್ಟುವವರಲ್ಲಿ ಇದಕ್ಕೊಂದು ಅರ್ಧದ ನಿಯಮವಿದೆ: ದಾರಿಯ ಇಳಿಜಾರು ಅದು ಹಾಯುವ ಗುಡ್ಡದ ಇಳಿಜಾರಿನ ಅರ್ಧವನ್ನು ಮೀರಬಾರದು. ಶೇಕಡಾ 20ರ ಗುಡ್ಡದಲ್ಲಿ ದಾರಿ ಶೇಕಡಾ 10ಕ್ಕಿಂತ ಕಡಿದಾದರೆ ಬದಿಯಿಂದ ಬಂದ ನೀರು ಅಡ್ಡ ದಾಟಿ ಹೋಗುವುದಿಲ್ಲ, ದಾರಿಯನ್ನೇ ಹಿಡಿಯುತ್ತದೆ. ಇದರ ಜೊತೆಗೆ ದಾರಿಗೆ ಹೊರಗಡೆ ಸ್ವಲ್ಪ ವಾಟ ಕೊಡುತ್ತಾರೆ, ಒಂದು ಮೀಟರ್ ಅಗಲದ ದಾರಿಯಾದರೆ ಹೊರ ಅಂಚು ಐದು ಸೆಂಟಿಮೀಟರ್ ತಗ್ಗು. ಮೂರನೆಯದು ಬಹಳ ಮುಖ್ಯ. ಇಳಿಯುತ್ತಿರುವ ದಾರಿಯನ್ನು ಆಗಾಗ ಸ್ವಲ್ಪ ದೂರ ಮೇಲಕ್ಕೆ ಏರಿಸಬೇಕು. ನೀರಿಗೆ ಏರು ಹತ್ತಲು ಬರುವುದಿಲ್ಲವಾದ್ದರಿಂದ ಅದು ಆ ತಗ್ಗಿನಲ್ಲಿ ನಿಂತು ಬದಿಗೆ ಹರಿದುಹೋಗುತ್ತದೆ, ಮುಂದಿನ ತಗ್ಗಿನವರೆಗೆ ಮತ್ತೆ ಹೊಸದಾಗಿ ಕೂಡಬೇಕು. ವೇಗ ಹಿಡಿಯಲು ಅದಕ್ಕೆ ದೂರವೇ ಸಿಗುವುದಿಲ್ಲ.

ತಿರುವಿಗೆ ಮುಂಚೆ ಸವಾರನ ವೇಗ ಇಳಿಸಲು ಇಟ್ಟ ಒಂದು ಮೀಟರ್ ಏರು ನೆನಪಿದೆಯಲ್ಲ? ಅದೂ ಇದೂ ಒಂದೇ ಏರು. ಸವಾರನಿಗೆ ಬ್ರೇಕ್ ಆದದ್ದು ನೀರಿಗೂ ಬ್ರೇಕ್. ಎಡಬಲಕ್ಕೆ ಬಳುಕುತ್ತ, ಏಳುತ್ತ ಬೀಳುತ್ತ ಸಾಗುವ ದಾರಿಯನ್ನು ಸವಾರರು ಮೋಜಿಗಾಗಿ ಬೇಡಿದರು, ಮಣ್ಣಿನ ಎಂಜಿನಿಯರುಗಳು ಸವಕಳಿ ತಡೆಯಲು ಬೇಡಿದರು. ಇಬ್ಬರೂ ಕಾಗದದ ಮೇಲೆ ಎಳೆದ ಗೆರೆ ಹೆಚ್ಚುಕಡಿಮೆ ಒಂದೇ. ಈ ಕ್ರೀಡೆಯ ಬಗ್ಗೆ ನನಗೆ ಇರುವ ಪ್ರೀತಿಗೆ ಮುಖ್ಯ ಕಾರಣ ಈ ಕೂಡಿಕೆ.

ಒಂದು ಕಡೆ ಮಾತ್ರ ಇವೆರಡಕ್ಕೂ ಜಗಳ ಬರುತ್ತದೆ, ಅದು ಬರ್ಮ್. ದಾರಿಯ ವಾಟ ಹೊರಗಡೆ ಇರಬೇಕು ಎಂದೆ. ಬರ್ಮ್‌ನಲ್ಲಿ ಅದು ಒಳಗಡೆ. ಮಳೆ ನೀರೆಲ್ಲ ತಿರುವಿನ ಒಳ ಮಡಿಲಿನಲ್ಲಿ ಕೂಡುತ್ತದೆ. ಒಣ ದೇಶಗಳ ವಿನ್ಯಾಸವನ್ನು ಹಾಗೆಯೇ ತಂದು ಇಲ್ಲಿ ಇಟ್ಟರೆ ಮೊದಲ ಜೂನ್‌ನಲ್ಲೇ ತಿರುವುಗಳೆಲ್ಲ ಕೆರೆ. ಪರಿಹಾರ ಎರಡು ಹಂತದ್ದು. ಮೇಲಿನ ನೀರು ತಿರುವಿಗೆ ಕಾಲಿಡದಂತೆ ತಿರುವಿನ ಬಾಯಲ್ಲೇ ತಗ್ಗು ಕೊಟ್ಟು ಹೊರಗೆ ಕಳಿಸಬೇಕು. ತಿರುವಿನೊಳಗೇ ಬಿದ್ದ ಮಳೆಗೆ ಒಳ ಅಂಚಿನಿಂದ ಕಲ್ಲು ತುಂಬಿದ ಬಸಿಗಾಲುವೆ ಅಥವಾ ಸಣ್ಣ ಮೋರಿ ಬೇಕು. ಅಡಿಕೆ ತೋಟದ ಬಸಿಗಾಲುವೆಗಳನ್ನು ತಲೆಮಾರುಗಳಿಂದ ಕಡಿದು ಕಾಪಾಡಿಕೊಂಡು ಬಂದ ಜನಕ್ಕೆ ಇದನ್ನು ಹೊರಗಿನವರು ಹೇಳಿಕೊಡಬೇಕಾದ ಅಗತ್ಯವೇ ಇಲ್ಲ. ನಮ್ಮ ತೋಟಗಳಲ್ಲಿ ಕೆಲಸ ಮಾಡುವವರ ಕೈಯಲ್ಲಿ ಈ ವಿದ್ಯೆ ಈಗಾಗಲೇ ಇದೆ.

ಇಳಿಜಾರು ಅಳೆಯಲು ದುಬಾರಿ ಯಂತ್ರವೂ ಬೇಡ. ಗಾರೆ ಕೆಲಸದವರು ಮಟ್ಟ ನೋಡುವ ಪಾರದರ್ಶಕ ಪೈಪಿಗೆ ನೀರು ತುಂಬಿ, ಹತ್ತು ಮೀಟರ್ ಹಗ್ಗದ ಎರಡು ತುದಿಯಲ್ಲಿ ಇಬ್ಬರು ನಿಲ್ಲಬೇಕು. ಎರಡೂ ತುದಿಗಳಲ್ಲಿ ಪೈಪಿನ ನೀರಿನ ಮಟ್ಟದಿಂದ ನೆಲದವರೆಗಿನ ಎತ್ತರ ಅಳೆದಾಗ 50 ಸೆಂಟಿಮೀಟರ್ ವ್ಯತ್ಯಾಸ ಬಂದರೆ ಇಳಿಜಾರು ಶೇಕಡಾ 5. ಗೂಟ ಹೊಡೆದು, ಮುಂದಿನ ಹತ್ತು ಮೀಟರ್‌ಗೆ ಹೋಗಬೇಕು. ಹೀಗೆ ಗುರುತಿಸಿದ ಸಾಲನ್ನು ಕೆಳಗಿನಿಂದ ನೋಡಿದರೆ ಕಣ್ಣಿಗೆ ಬಹಳ ಸಪಾಟು ಅನ್ನಿಸುತ್ತದೆ, ಇನ್ನೂ ಕಡಿದು ಮಾಡೋಣ ಎಂಬ ಆಸೆ ಬರುತ್ತದೆ. ಆ ಆಸೆಗೆ ಬೀಳಬಾರದು. ಗೂಟ ಹೊಡೆದ ಸಾಲಿನಲ್ಲಿ ಒಂದು ಮಳೆಗಾಲ ನಡೆದು ನೋಡಿ, ಜೋರು ಮಳೆ ಸುರಿಯುವಾಗಲೇ ಹೋಗಿ ನೀರು ಎಲ್ಲಿಂದ ಬಂದು ಎಲ್ಲಿ ದಾಟುತ್ತದೆ ಎಂದು ಗುರುತು ಮಾಡಿಕೊಂಡರೆ ಅರ್ಧ ಕೆಲಸ ಮುಗಿದಂತೆ. ಉಂಬಳ ಕಚ್ಚುತ್ತವೆ, ಕಚ್ಚಲಿ.

ಮಣ್ಣು ಕೆಲಸಕ್ಕೆ ಕಾಲ ಮಳೆ ನಿಂತ ಕೂಡಲೇ, ಅಕ್ಟೋಬರ್ ಕೊನೆಯಿಂದ ನವೆಂಬರ್. ಆಗ ಮಣ್ಣಿನಲ್ಲಿ ಒತ್ತಿದರೆ ಕೂಡಿಕೊಳ್ಳುವಷ್ಟು ತೇವ ಇರುತ್ತದೆ. ಅಡಿಕೆ ಒಣಗಿಸುವ ಅಂಗಳವನ್ನು ಕೆತ್ತಿ ಬಡಿದು ಹದ ಮಾಡುವುದೂ ಇದೇ ಹೊತ್ತಿನಲ್ಲಿ, ಇದೇ ಕಾರಣಕ್ಕೆ. ಬರ್ಮ್ ಅನ್ನು ಒಂದೇ ಸಲ ಗುಡ್ಡೆ ಹಾಕದೆ, ಗೇಣುದ್ದಕ್ಕಿಂತ ಕಡಿಮೆ ದಪ್ಪದ ಪದರಗಳಲ್ಲಿ ಏರಿಸಿ ಪ್ರತಿ ಪದರವನ್ನೂ ಬಡಿಯಬೇಕು. ಎಲೆ, ಬೇರು ಸೇರಿದ ಕಪ್ಪು ಮೇಲ್ಮಣ್ಣನ್ನು ಬದಿಗಿಟ್ಟು ಕೆಳಗಿನ ಕೆಂಪು ಗರಸನ್ನೇ ಬಳಸಬೇಕು. ಅದರಲ್ಲಿರುವ ಜೇಡಿ ಅಂಟಿನಂತೆ, ಹರಳು ಎಲುಬಿನಂತೆ ಕೆಲಸ ಮಾಡುತ್ತವೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ದಾರಿ ಪೂರ್ತಿ ಮುಚ್ಚಿರಬೇಕು. ನೆನೆದ ಮಣ್ಣಿನ ಮೇಲೆ ಒಂದೇ ಸೈಕಲ್ ಬಿಡುವ ಗೆರೆಯೂ ಆಗಸ್ಟ್ ಹೊತ್ತಿಗೆ ತೋಡಾಗಿರುತ್ತದೆ. ಮಣ್ಣಿನ ಗೋಡೆಗಳಿಗೆ ಮಳೆಗಾಲದಲ್ಲಿ ಅಡಿಕೆ ಸೋಗೆಯ ತಟ್ಟಿ ಕಟ್ಟಿ ಕಾಪಾಡಿದ ಊರುಗಳು ನಮ್ಮವು. ಬರ್ಮ್‌ಗಳ ಮೈಗೂ ಅದೇ ಸೋಗೆ ಹೊದಿಸಿದರೆ ಹನಿಯ ನೇರ ಪೆಟ್ಟು ತಪ್ಪುತ್ತದೆ ಎಂಬುದು ನನ್ನ ಗಟ್ಟಿ ನಂಬಿಕೆ.

ಎಲ್ಲಿ ಕಟ್ಟಬೇಕು ಎಂಬ ಪ್ರಶ್ನೆಗೆ ಹುಷಾರಾಗಿ ಉತ್ತರಿಸಬೇಕು. ಉತ್ತರ ಕನ್ನಡದ ಬಹುಪಾಲು ನೆಲ ಅರಣ್ಯ. ಅಲ್ಲಿ ಗುದ್ದಲಿ ಹಾಕಲು ಅನುಮತಿ ಬೇಕು, ಕಾಳಿ ಹುಲಿ ಸಂರಕ್ಷಿತ ಪ್ರದೇಶದಂಥ ಕಡೆ ಆ ಯೋಚನೆಯನ್ನೇ ಬಿಡಬೇಕು. ಸೊಪ್ಪಿನ ಬೆಟ್ಟದ ಮೇಲೆ ತೋಟದವರಿಗೆ ಇರುವುದು ಸೊಪ್ಪು, ದರಕು (ಒಣಗಿದ ಎಲೆ) ತರುವ ಹಕ್ಕು, ದಾರಿ ಕಡಿಯುವ ಹಕ್ಕಲ್ಲ. 2024ರ ಜುಲೈ 16ರಂದು ಅಂಕೋಲಾ ತಾಲೂಕಿನ ಶಿರೂರಿನಲ್ಲಿ ಹೆದ್ದಾರಿಯ ಮೇಲೆ ಗುಡ್ಡ ಕುಸಿದದ್ದನ್ನು ಕಂಡ ಜಿಲ್ಲೆಯಿದು. ಒಂದು ಮೀಟರ್ ಅಗಲದ ಕಿರುದಾರಿಗೂ ಹೆದ್ದಾರಿಗೂ ಹೋಲಿಕೆಯಿಲ್ಲ, ಆದರೂ ಕಡಿದಾದ ಗುಡ್ಡದ ಕಾಲನ್ನು ಕಡಿಯಬಾರದು ಎಂಬ ಎಚ್ಚರ ಎರಡಕ್ಕೂ ಒಂದೇ. ಈಗಿರುವ ಕಾಲುದಾರಿಗಳನ್ನೂ ಫ್ಲೋ ಟ್ರೇಲ್ ಮಾಡಲಾಗದು. ಅವುಗಳಲ್ಲಿ ಶಾಲೆಯ ಮಕ್ಕಳು, ಡೇರಿಗೆ ಹಾಲು ಒಯ್ಯುವವರು, ತಲೆಯ ಮೇಲೆ ಹೊರೆ ಹೊತ್ತವರು, ದನಕರುಗಳು ಓಡಾಡುತ್ತವೆ. ವೇಗಕ್ಕೆಂದು ಕಟ್ಟಿದ ದಾರಿಯಲ್ಲಿ ಎದುರಿನಿಂದ ಯಾರೂ ಬರಬಾರದು. ಉಳಿಯುವುದು ಹುಲ್ಲು ಬೆಳೆಯುವ ಖಾಸಗಿ ಬೇಣಗಳು, ಮರದ ನಡುವೆ ಜಾಗವಿರುವ ಹಳೆಯ ಗೇರು ಹಕ್ಕಲುಗಳು. ಅಂಥ ನೆಲ ಅಂಕೋಲಾ, ಕುಮಟಾ, ಹೊನ್ನಾವರದ ಕಡೆ ಇದೆ.

ಫ್ಲೋ ಟ್ರೇಲ್ ಸೈಕಲ್ ಸವಾರಿಯನ್ನು ತೀರಾ ಸುಲಭ ಮಾಡಿಬಿಟ್ಟಿತು, ಕಲ್ಲು ಬೇರುಗಳ ದಾರಿಯಲ್ಲಿ ಬರುವ ನಿಜವಾದ ಕೌಶಲ ಇದರಲ್ಲಿ ಬರುವುದಿಲ್ಲ ಎಂದು ಹಳೆಯ ಸವಾರರು ದೂರುತ್ತಾರೆ. ದೂರಿನಲ್ಲಿ ಹುರುಳಿದೆ. ಬಂಡೆ ಹತ್ತಿ ಇಳಿಯುವುದನ್ನು ನಯವಾದ ದಾರಿ ಕಲಿಸದು. ಆದರೆ ಕಣ್ಣನ್ನು ಮೇಲೆತ್ತಿ ನೋಡುವುದು, ತೋಳು ಸಡಿಲ ಬಿಡುವುದು, ಮೈಯ ಭಾರವನ್ನು ಸರಿಯಾದ ಹೊತ್ತಿಗೆ ಇಳಿಸುವುದು, ಇವು ಹೆದರಿದ ಮೈಗೆ ಹತ್ತುವುದಿಲ್ಲ. ಹೆದರಿಕೆಯಿಲ್ಲದ ಕಡೆ ಇವನ್ನು ಕಲಿತವನು ಬಂಡೆಯ ದಾರಿಗೆ ಹೋದಾಗ ಅರ್ಧ ಗೆದ್ದಿರುತ್ತಾನೆ.

ಗುಡ್ಡದ ದಾರಿಗೆ ಮುಂಚೆ ಇನ್ನೂ ಚಿಕ್ಕದೊಂದರಿಂದ ಶುರು ಮಾಡಬಹುದು: ಪಂಪ್ ಟ್ರ್ಯಾಕ್. 30 ಮೀಟರ್ ಉದ್ದ, 15 ಮೀಟರ್ ಅಗಲದ ಸಪಾಟು ಜಾಗದಲ್ಲಿ ರೋಲರ್‌ಗಳನ್ನೂ ಎರಡು ತುದಿಯಲ್ಲಿ ಬರ್ಮ್‌ಗಳನ್ನೂ ಸೇರಿಸಿ ಮಾಡಿದ ಸುತ್ತುದಾರಿ. ಗುಡ್ಡ ಬೇಡ, ಅರಣ್ಯದ ಅನುಮತಿ ಬೇಡ, ಗೇರ್ ಇರುವ ಸೈಕಲ್ಲೂ ಬೇಡ. ಸಣ್ಣ ಗಾಲಿಯ ಹಳೆಯ ಸೈಕಲ್, ಗಟ್ಟಿ ಬ್ರೇಕು, ಹೆಲ್ಮೆಟ್ ಸಾಕು. ಸುತ್ತಲೂ ನೀರು ಹೊರಬೀಳಲು ಒಂದು ಕಾಲುವೆ ಮಾತ್ರ ಮರೆಯಬಾರದು. ಹೈಸ್ಕೂಲ್ ಮೈದಾನದ ಅಂಚಿನಲ್ಲಿ ಇಷ್ಟು ಜಾಗ ನಮ್ಮ ಹೆಚ್ಚಿನ ಊರುಗಳಲ್ಲಿ ಸಿಗುತ್ತದೆ. ನವೆಂಬರ್‌ನಲ್ಲಿ ಮಣ್ಣಿನ ತೇವ ಆರುವ ಮೊದಲೇ ಗುದ್ದಲಿ ಹಿಡಿದರೆ ಬೇಸಿಗೆ ರಜೆ ಶುರುವಾಗುವುದರೊಳಗೆ ಮಕ್ಕಳು ಅದರ ಮೇಲೆ ಪೆಡಲ್ ತುಳಿಯದೆ ಸುತ್ತು ಹೊಡೆಯುತ್ತಿರುತ್ತಾರೆ.